ಊವೆ ಅಂಕಲ್ ಮತ್ತು ಎರಡನೇ ಸೂರ್ಯ

ನಾನು ಇದುವರೆಗೆ ಮಾಡಿದ ಅತ್ಯುತ್ತಮ ಮಿಮಿಕ್ರಿಯ ಅವಧಿ ಆರು ಸೆಕೆಂಡು. ಕೇಳಿದವರು ಇಬ್ಬರು. ಇಬ್ಬರೂ ನಗಲಿಲ್ಲ, ಹೇಳಿದ ಕೆಲಸ ಮಾಡಿದರು. ಮಿಮಿಕ್ರಿ ಮಾಡುವವನಿಗೆ ಇದಕ್ಕಿಂತ ದೊಡ್ಡ ಪ್ರಶಸ್ತಿ ಇಲ್ಲ ಎಂದು ಆಮೇಲೆ ಬಹಳ ದಿನ ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಆ ಆರು ಸೆಕೆಂಡಿನಿಂದ ಒಂದು ಸಂಜೆ ಹಾಳಾಯಿತು, ಒಂದು ಸಿನಿಮಾದ ಕೊನೆಯ ಶಾಟ್ ಹೋಯಿತು, ಎಪ್ಪತ್ತೊಂದು ವರ್ಷದ ಒಬ್ಬ ಜರ್ಮನ್ ಛಾಯಾಗ್ರಾಹಕರಿಗೆ ಮರೆವಿನ ಕಾಯಿಲೆ ಬಂದಿದೆ ಎಂದು ಡ್ಯಾಲಸ್ಸಿನಿಂದ ಹ್ಯೂಸ್ಟನ್ ತನಕ ಸುದ್ದಿಯಾಯಿತು. ಮೂರಕ್ಕೂ ನಾನೇ ಕಾರಣ. ಇದನ್ನು ಮೊದಲೇ ಹೇಳಿಬಿಡುತ್ತಿದ್ದೇನೆ, ಯಾಕೆಂದರೆ ಹೇಳಬೇಕಾಗಿದ್ದ ದಿನ ಹೇಳಲಿಲ್ಲ.

ಊವೆ ಲಿಂಡೆನ್‌ಬೆಕ್ ಅವರ ಎತ್ತರ ಆರಡಿ ನಾಲ್ಕಿಂಚು. ಬಿಳಿ ಗಡ್ಡ, ಕುತ್ತಿಗೆಯಲ್ಲಿ ಕಪ್ಪು ದಾರ, ದಾರದ ತುದಿಗೆ ಗಾಢ ಬಣ್ಣದ ಒಂದು ಸಣ್ಣ ಗಾಜು. ಅದನ್ನು ಕಣ್ಣಿಗೆ ಹಿಡಿದು ಆಕಾಶ ನೋಡಿದರೆ ಬೆಳಕು ಇನ್ನೆಷ್ಟು ಹೊತ್ತು ಉಳಿದಿದೆ ಎಂದು ಅವರಿಗೆ ಗೊತ್ತಾಗುತ್ತಿತ್ತು. ಇಷ್ಟೆಲ್ಲ ನೋಡಿ ನೀವು ಭಯಭಕ್ತಿಯಿಂದ ಇಂಗ್ಲಿಷಿನಲ್ಲಿ ಮಾತಾಡಿಸಿದಿರೋ, ಅವರು ಅಷ್ಟೆತ್ತರದಿಂದ ಬಗ್ಗಿ, ಕೆನ್ನೆಯ ಮೇಲೆ ಬೆರಳಿಟ್ಟು, "ಅಗಬಾಯಿ! ಎಷ್ಟ ಸೊರಗೀರಿ! ಊಟಾ ಆತೇನ್ರಿ?" ಎನ್ನುತ್ತಿದ್ದರು.

ಕಾರಣ ಸರಳ. ಅವರ ಹೆಂಡತಿ ಶೈಲಜಾ ಆಂಟಿ ಧಾರವಾಡದವರು. ಹ್ಯಾಂಬರ್ಗಿನ ಆಸ್ಪತ್ರೆಯೊಂದರಲ್ಲಿ ಡಾಕ್ಟರಾಗಿದ್ದಾಗ, ಶೂಟಿಂಗಿನಲ್ಲಿ ಏಣಿಯಿಂದ ಬಿದ್ದು ಹೆಗಲು ಮುರಿದುಕೊಂಡ ಊವೆ ಅಂಕಲ್ ಅವರ ಕೈಗೆ ಸಿಕ್ಕರು. ಹೆಗಲು ಆರು ವಾರದಲ್ಲಿ ಕೂಡಿತು, ಮದುವೆ ಆರು ತಿಂಗಳಲ್ಲಿ ಆಯಿತು. ಆಮೇಲೆ ಪ್ರತಿ ರಜೆಯಲ್ಲೂ ಧಾರವಾಡ. ಆಂಟಿ ಗೆಳತಿಯರನ್ನು ನೋಡಲು ಹೋಗುತ್ತಿದ್ದರು. ಅಳಿಯ ಮಾತ್ರ ಅತ್ತೆಯ ಜೊತೆ ಹಿತ್ತಲಲ್ಲಿ ಕೂತು ಶೇಂಗಾ ಸುಲಿಯುತ್ತಿದ್ದರು. ಕನ್ನಡ ಕಲಿತದ್ದು ಅಲ್ಲಿ. ಹಾಗಾಗಿ ಅವರದು ಧಾರವಾಡದ ಎಂಬತ್ತು ವರ್ಷದ ಅಜ್ಜಿಯ ಕನ್ನಡ, ಉದ್ಗಾರ, ನಿಟ್ಟುಸಿರು, ಕೆನ್ನೆಯ ಮೇಲಿನ ಬೆರಳು ಸಮೇತ. ಗಂಡಸರು ಹಾಗೆ ಮಾತಾಡುವುದಿಲ್ಲ ಎಂದು ಅವರಿಗೆ ಯಾರೂ ಹೇಳಲಿಲ್ಲ. ಹೇಳಲು ಯಾರಿಗೂ ಮನಸ್ಸು ಬರಲಿಲ್ಲ.

ನನಗಂತೂ ಬರಲೇ ಇಲ್ಲ. ಮೈಸೂರಿನಿಂದ ಬಂದು ಡ್ಯಾಲಸ್ ಪಕ್ಕದ ರಿಚರ್ಡ್‌ಸನ್ನಿನ ಕಂಪನಿಯೊಂದರಲ್ಲಿ ಬೇರೆಯವರ ಸಾಫ್ಟ್‌ವೇರಿನ ತಪ್ಪು ಹುಡುಕುವ ನನಗೆ ನಿಜವಾದ ಉದ್ಯೋಗ ಬೇರೆಯವರ ದನಿ ಕದಿಯುವುದು. ಪುರೋಹಿತರು, ಮ್ಯಾನೇಜರು, ಆಫೀಸಿನ ಮೀಟಿಂಗಿನಲ್ಲಿ ಮಾತ್ರ ಟೆಕ್ಸಾಸಿನವನಾಗುವ ನಾನು, ಎಲ್ಲರನ್ನೂ ಮಾಡುತ್ತೇನೆ. ಊವೆ ಅಂಕಲ್ಲನ್ನು ಮೊದಲು ನೋಡಿದ್ದು ಡ್ಯಾಲಸ್ಸಿನ ರಾಜ್ಯೋತ್ಸವದಲ್ಲಿ. ವೇದಿಕೆಯ ಮೇಲೆ ಸಂಘದ ಅಧ್ಯಕ್ಷರ ಅನುಕರಣೆ ಮುಗಿಸಿ, ಅಧ್ಯಕ್ಷರನ್ನು ಬಿಟ್ಟು ಉಳಿದವರೆಲ್ಲರ ಚಪ್ಪಾಳೆ ಗಿಟ್ಟಿಸಿ ಕೆಳಗಿಳಿದರೆ, ಮೆಟ್ಟಿಲ ಬಳಿ ಒಂದು ಗಡ್ಡ ಕಾಯುತ್ತಿತ್ತು.

"ತಮ್ಮಾ, ದನಿ ಬರೋಬ್ಬರಿ ಮಾಡ್ದಿ. ಆದ್ರ ಅವರು ಮಾತಾಡೂದಕ್ಕ ಮೊದಲ ಮೈಕ್ ಬಡೀತಾರ, ಎರಡ ಸಲ. ನೀ ಬಡೀಲಿಲ್ಲ."

"ಅದೆಲ್ಲ ಯಾರು ನೋಡ್ತಾರೆ ಅಂಕಲ್?"

"ನಾ ನೋಡ್ತೀನಿ. ನಂದು ಅದೇ ಕೆಲಸ."

ಕೆಲಸ ಹೌದು. ಹತ್ತೊಂಬತ್ತನೇ ವಯಸ್ಸಿಗೆ ಹ್ಯಾಂಬರ್ಗಿನ ಸ್ಟುಡಿಯೋ ಸೇರಿದವರು. "ಏಳು ವರ್ಷ ಲೆನ್ಸ್ ಹೊತ್ತೆ. ಮೂರು ವರ್ಷ ಫೋಕಸ್ ತಿರುವಿದೆ. ಆಮ್ಯಾಲೆ ನೋಡ್ಲಿಕ್ಕೆ ಬಿಟ್ರು" ಎಂದು ತಮ್ಮ ಮೊದಲ ಹತ್ತು ವರ್ಷವನ್ನು ಅವರು ಮೂರು ವಾಕ್ಯದಲ್ಲಿ ಮುಗಿಸುತ್ತಿದ್ದರು. ನಂತರ ಹದಿನೇಳು ವರ್ಷ ಟೀವಿಯಲ್ಲಿ ಒಂದೇ ಪೊಲೀಸ್ ಧಾರಾವಾಹಿ. ವಾರಕ್ಕೊಂದು ಕೊಲೆ. ಯಾವ ನಟನ ಬಗ್ಗೆಯೂ ಒಳ್ಳೆಯ ಮಾತಾಡದ ಊವೆ ಅಂಕಲ್ ಹೆಣಗಳ ಬಗ್ಗೆ ಮಾತ್ರ ಬಹಳ ಗೌರವ ಇಟ್ಟುಕೊಂಡಿದ್ದರು. "ಹೆಣಕ್ಕ ಬೆಳಕು ಕೊಡೂದು ಭಾಳ ಸಮಾಧಾನರಿ. ಅಲುಗಾಡೂದಿಲ್ಲ. ಈ ಕಡೆಯಿಂದ ನಾ ಛಂದ ಕಾಣ್ತೀನಿ, ಆ ಕಡೆಯಿಂದ ಬ್ಯಾಡ ಅನ್ನೂದಿಲ್ಲ."

ನಡುವೆ ಮೂರು ಸಿನಿಮಾ. ಒಂದಕ್ಕೆ ಛಾಯಾಗ್ರಹಣದ ಪ್ರಶಸ್ತಿ ಬಂತು. ಆ ಚಿತ್ರದಲ್ಲಿ ನಾಯಕ ಮುಕ್ಕಾಲು ಪಾಲು ಕತ್ತಲಲ್ಲೇ ಇರುತ್ತಾನಂತೆ. "ನಾ ಲೈಟ್ ಹಚ್ಚಲಿಲ್ಲ, ಅದಕ್ಕ ಬಹುಮಾನ ಕೊಟ್ರು. ಹಚ್ಚಿದವಕ್ಕ ಯಾರೂ ಏನೂ ಕೊಡ್ಲಿಲ್ಲ." ಆಮೇಲೆ ಆಂಟಿಗೆ ಹ್ಯೂಸ್ಟನ್ನಿನಲ್ಲಿ ಕೆಲಸವಾಯಿತು, ಅದರ ಪಕ್ಕದ ಮಿಸೌರಿ ಸಿಟಿಯಲ್ಲಿ ಮನೆಯಾಯಿತು. ಹೆಣಗಳಿಗೆ ಬೆಳಕು ಕೊಟ್ಟವರು ನಮ್ಮವರ ನಾಮಕರಣ, ಉಪನಯನ, ಮದುವೆಗಳಿಗೆ ಬಂದು ನಿಂತರು. ಒಂಬತ್ತು ವರ್ಷ ಟೆಕ್ಸಾಸಿನಲ್ಲಿ ಯಾರೂ ಅವರನ್ನು ಸಿನಿಮಾಕ್ಕೆ ಕರೆಯಲಿಲ್ಲ. ಅವರೂ ಈ ಮಾತು ಎತ್ತುತ್ತಿರಲಿಲ್ಲ. ಎತ್ತದೆ ಇರುವುದು ನಮಗೆ ಕೇಳಿಸುತ್ತಿತ್ತು.

ಅವರ ಕೆಲಸದ ರೀತಿಗೆ ಒಂದೇ ನಿಯಮ: ಕಾಯುವುದು. ಎಲ್ಲರೂ ಬೆಳಕು ಹೋಯಿತು ಎಂದ ಮೇಲೆ ಅವರು ಗಾಜು ಹಿಡಿದು ಆಕಾಶ ನೋಡಿ, ಇನ್ನೂ ಹತ್ತು ನಿಮಿಷ ಕೂರುತ್ತಿದ್ದರು. ಹತ್ತು ನಿಮಿಷವಾದ ಮೇಲೆಯೇ ಆ ಪ್ರಸಿದ್ಧ ಮಾತು: "ಆತ್ರಿ. ಗಂಟುಮೂಟಿ ಕಟ್ರಿ." ಅದು ಬಂದರೆ ನಾಲ್ಕು ನಿಮಿಷದಲ್ಲಿ ಕ್ಯಾಮೆರಾ, ಸ್ಟ್ಯಾಂಡು, ವೈರು ಎಲ್ಲ ಪೆಟ್ಟಿಗೆಯೊಳಗೆ ಇರಬೇಕು. ಐದನೇ ನಿಮಿಷಕ್ಕೆ ಅವರು ನಿಟ್ಟುಸಿರು ಬಿಡಲು ಶುರುಮಾಡುತ್ತಿದ್ದರು, ಅತ್ತೆಯ ನಿಟ್ಟುಸಿರು. ಅದನ್ನು ತಡೆದುಕೊಳ್ಳುವುದಕ್ಕಿಂತ ಬೇಗ ಪ್ಯಾಕ್ ಮಾಡುವುದೇ ಸುಲಭ.

ಈ ಕಾಯುವ ಚಟ ಮಿಸೌರಿ ಸಿಟಿಯ ಒಂದು ಮದುವೆಯಲ್ಲಿ ನಮ್ಮ ಸಂಪ್ರದಾಯಕ್ಕೆ ಡಿಕ್ಕಿ ಹೊಡೆಯಿತು. ಮುಹೂರ್ತ ಹತ್ತೂ ನಲವತ್ತೆರಡಕ್ಕೆ. ಹತ್ತೂ ನಲವತ್ತಕ್ಕೆ ಊವೆ ಅಂಕಲ್ ಹಾಲಿನ ದೊಡ್ಡ ಕಿಟಕಿಯಿಂದ ಗಾಜು ಹಿಡಿದು ನೋಡಿ, ಮಂಟಪದ ಬಳಿ ಬಂದು, ಪುರೋಹಿತರ ಮುಂದೆ ಮಂಡಿಯೂರಿದರು.

"ಸ್ವಾಮಿ, ಒಂದ ಮೋಡ ಅದ. ಹತ್ತೂ ಐವತ್ತಕ್ಕ ಸರೀತದ. ಅಲ್ಲೀ ತನಕ ತಡೀರಿ."

ಪುರೋಹಿತರು ಮಂತ್ರ ನಿಲ್ಲಿಸಿದರು. "ಮುಹೂರ್ತ ತಡಿಯೋದಾ? ಮೋಡಕ್ಕಾ?"

"ನಿಮ್ಮ ಮುಹೂರ್ತ ಪಂಚಾಂಗದಾಗ ಅದ, ಯಾರಿಗೂ ಕಾಣೂದಿಲ್ಲ. ಬೆಳಕು ಎಲ್ಲಾರಿಗೂ ಕಾಣ್ತದ್ರಿ."

ಹುಡುಗಿಯ ತಂದೆ ಕೈಮುಗಿದರು, ಯಾರಿಗೆ ಎಂದು ಸ್ಪಷ್ಟವಾಗಲಿಲ್ಲ. ಕೊನೆಗೆ ಪುರೋಹಿತರೇ ರಾಜಿ ಸೂತ್ರ ಕೊಟ್ಟರು: ಮೂರು ಗಂಟಿನಲ್ಲಿ ಮೊದಲನೆಯದು ಮುಹೂರ್ತಕ್ಕೆ, ಉಳಿದ ಎರಡು ಮೋಡಕ್ಕೆ. ಮದುಮಗ ಒಂದು ಗಂಟು ಹಾಕಿ, ದಾರ ಹಿಡಿದು ಬಗ್ಗಿ, ಎಂಟು ನಿಮಿಷ ನಿಂತ. ಇನ್ನೂರು ಜನ ಅಕ್ಷತೆ ಮುಷ್ಟಿಯಲ್ಲಿ ಹಿಡಿದು ನಿಂತರು. ಲ್ಯಾಪ್‌ಟಾಪಿನ ಗಟ್ಟಿಮೇಳ ಮೂರು ಸಲ ಮುಗಿದು ಮೂರು ಸಲ ಶುರುವಾಯಿತು. ನಿರೂಪಣೆಗೆಂದು ಹೋಗಿದ್ದ ನಾನು ಆ ಎಂಟು ನಿಮಿಷವನ್ನು ಮಿಮಿಕ್ರಿಯಿಂದ ತುಂಬಿಸಲು ಹೋದೆ. ಮದುಮಗ ಬಗ್ಗಿದಲ್ಲಿಂದಲೇ "ಪ್ಲೀಸ್, ನಗಿಸಬೇಡಿ, ದಾರ ಬಿಟ್ಟೋಗುತ್ತೆ" ಎಂದ. ಹತ್ತೂ ಐವತ್ತಕ್ಕೆ ಮೋಡ ಸರಿಯಿತು. ಹುಡುಗಿಯ ಮುಖದ ಮೇಲೆ ಬಿದ್ದ ಆ ಬೆಳಕನ್ನು ಈಗಲೂ ಅವರ ಮನೆಯ ಗೋಡೆಯಲ್ಲಿ ನೋಡಬಹುದು. ಮದುಮಗನ ಕುತ್ತಿಗೆ ಎರಡು ವಾರ ತಿರುಗಲಿಲ್ಲ. ಫೋಟೋ ನೋಡಿದವರ್‍ಯಾರೂ ಅದನ್ನು ಕೇಳುವುದಿಲ್ಲ.

ಅವರ ಮನೆಯ ಫ್ರಿಜ್ಜಿನಲ್ಲಿ, ಶೇಂಗಾ ಚಟ್ನಿಪುಡಿಯ ಪಕ್ಕ, ಒಂದು ತಗಡಿನ ಡಬ್ಬಿ ಇತ್ತು. ಒಳಗೆ ಹಳೆಯ ಕಾಲದ ಫಿಲ್ಮ್ ಸುರುಳಿ, ಹನ್ನೊಂದು ನಿಮಿಷದಷ್ಟು. ಹ್ಯಾಂಬರ್ಗಿನಿಂದ ಬರುವಾಗ ತಂದದ್ದು, ಅವರ ಹತ್ತಿರ ಉಳಿದಿದ್ದ ಕೊನೆಯದು. ಯೋಗ್ಯ ಬೆಳಕು ಸಿಕ್ಕ ದಿನ ತೆಗೆಯುತ್ತೇನೆ ಎಂದು ಒಂಬತ್ತು ವರ್ಷದಿಂದ ಕಾಯುತ್ತಿದ್ದರು. ಆಂಟಿ ಒಮ್ಮೆ ಜಾಗ ಸಾಲದೆ ಅದನ್ನು ಹೊರಗಿಟ್ಟಾಗ ಅವರು ಎರಡು ದಿನ ಅಜ್ಜಿಯ ಕನ್ನಡ ಬಿಟ್ಟು ಜರ್ಮನ್‌ನಲ್ಲೇ ಮಾತಾಡಿದರಂತೆ.

ಆ ಡಬ್ಬಿಯನ್ನು ಅವರು ನಮಗಾಗಿ ತೆಗೆದರು.

ನಾವು ಎಂದರೆ ನಾನು, ನನ್ನ ರೂಮ್‌ಮೇಟ್ ಸಂದೀಪ, ಮಿಸೌರಿ ಸಿಟಿಯಲ್ಲೇ ಹುಟ್ಟಿ ಬೆಳೆದ ಮೇಘನಾ. ಆಸ್ಟಿನ್ನಿನ ಒಂದು ಸಣ್ಣ ಚಿತ್ರೋತ್ಸವಕ್ಕೆ ಹತ್ತು ನಿಮಿಷದ ಕನ್ನಡ ಚಿತ್ರ ಮಾಡುತ್ತಿದ್ದೆವು. ಕಥೆ: ಕಾಲೇಜು ಬಿಟ್ಟು ವರ್ಷವಾದರೂ ಮನೆಗೆ ಹೇಳದ ಹುಡುಗಿ ಒಂದು ಬೆಂಚಿನ ಮೇಲೆ ಕೂತು ಅಮ್ಮನಿಗೆ ನಿಜ ಹೇಳಲು ಫೋನ್ ಮಾಡುತ್ತಾಳೆ. ಮೇಘನಾಗೆ ಒಂದೇ ಕನ್ನಡ ವಾಕ್ಯ, "ಅಮ್ಮಾ, ನಾನು ಒಂದು ಮಾತು ಹೇಳ್ಬೇಕಿತ್ತು." ಅದು ಕೊನೆಯ ಶಾಟ್. ಉಳಿದದ್ದನ್ನೆಲ್ಲ ಊವೆ ಅಂಕಲ್ ಆಗಲೇ ತೆಗೆದಿದ್ದರು, ಡಬ್ಬಿಯ ಫಿಲ್ಮ್ ಇದೊಂದಕ್ಕೇ. ನಿರ್ದೇಶಕ ನಾನು. ನಿಜ ಹೇಳುವುದರ ಬಗ್ಗೆ ನನಗೆ ಆಗ ಬಹಳ ಅಭಿಪ್ರಾಯಗಳಿದ್ದವು.

ಬೆಂಚು ಹುಡುಕಿದವರು ಊವೆ ಅಂಕಲ್. ರಿಚರ್ಡ್‌ಸನ್ನಿನ ರೈಲು ನಿಲ್ದಾಣದ ಕೆಳಗಿನ ಒಂದು ಸಾಧಾರಣ ಬೆಂಚು, ಪೂರ್ವಕ್ಕೆ ಮುಖ. ಸಂಜೆ ಸೂರ್ಯ ಅದರ ಬೆನ್ನಿಗಿರುತ್ತಾನೆ. ಆದರೆ ಎದುರಿಗೆ ಒಂದು ದೊಡ್ಡ ಗಾಜಿನ ಆಫೀಸು ಕಟ್ಟಡವಿದೆ. ಮಾರ್ಚಿನ ನಾಲ್ಕೈದು ದಿನ ಮಾತ್ರ, ಮುಳುಗುವ ಸೂರ್ಯ ಆ ಗಾಜಿಗೆ ಬಡಿದು ಹಿಂದಿರುಗಿ, ನೇರ ಬೆಂಚಿನ ಮೇಲೆ ಕೂತವರ ಮುಖಕ್ಕೆ ಬೀಳುತ್ತಾನೆ. ನಾಲ್ಕು ನಿಮಿಷ. "ಬೆನ್ನಿಗೊಂದು, ಮಾರಿಗೊಂದು. ಎರಡ ಸೂರ್ಯ ಅವ ನೋಡ್ರಿ ನಿಮ್ಮೂರಾಗ" ಎಂದರು. ನಾನು ಅಲ್ಲೇ ಮೂರು ವರ್ಷದಿಂದ ರೈಲು ಹತ್ತುತ್ತಿದ್ದೆ. ಒಂದನ್ನೂ ಸರಿಯಾಗಿ ನೋಡಿರಲಿಲ್ಲ.

ಹ್ಯೂಸ್ಟನ್ನಿನಿಂದ ನಾಲ್ಕು ಗಂಟೆ ಡ್ರೈವ್ ಮಾಡಿಕೊಂಡು ಬಂದರು. ಮೊದಲ ದಿನ ಮೋಡ. ಎರಡನೇ ದಿನ ಮೋಡ. ಮೂರನೆಯದೇ ಕೊನೆ, ಮರುದಿನದಿಂದ ಸೂರ್ಯನ ಕೋನ ತಪ್ಪುತ್ತಿತ್ತು, ತಿಂಗಳ ಕೊನೆಗೆ ಚಿತ್ರ ಕಳಿಸಬೇಕಿತ್ತು. ಮೂರನೇ ಸಂಜೆಯೂ ಆಕಾಶ ಒಗೆದ ಗೋಣಿತಾಟಿನ ಹಾಗಿತ್ತು.

"ಮೋಡದ ಬುಡಕ್ಕ ಒಂದ ಸೀಳು ಅದೇನೋ ನೋಡಿ ಬರ್ತೀನಿ" ಎಂದು ಊವೆ ಅಂಕಲ್ ನಿಲ್ದಾಣದ ಮೇಲಿನ ಪ್ಲಾಟ್‌ಫಾರಂ ಹತ್ತಿದರು. ತಮ್ಮ ವಾಕಿಟಾಕಿಯನ್ನೂ ಫೋನನ್ನೂ ನನ್ನ ಕಾರಿನಲ್ಲಿ ಬಿಟ್ಟು ಹೋದರು. ಇನ್ನೊಂದು ವಾಕಿಟಾಕಿ ಬೆಂಚಿನ ಬಳಿ ಕ್ಯಾಮೆರಾ ಕಾಯುತ್ತಿದ್ದ ಸಂದೀಪನ ಹತ್ತಿರ ಇತ್ತು. ಕಾರಿನಲ್ಲಿ ನಾನೊಬ್ಬನೇ. ಬೇಜಾರು. ಎದುರಿಗೆ ವಾಕಿಟಾಕಿ. ಹಸಿದವನ ಮುಂದೆ ಮೈಸೂರು ಪಾಕ್ ಇಟ್ಟು ಹೋದರೆ ತಪ್ಪು ಯಾರದು ಎಂದು ಆಗ ಕೇಳಿಕೊಂಡೆ. ಈಗ ಕೇಳಿಕೊಳ್ಳುವುದಿಲ್ಲ.

ಗುಂಡಿ ಒತ್ತಿದೆ. ಒಂದು ನಿಟ್ಟುಸಿರು ಬಿಟ್ಟೆ. "ಅಗಬಾಯಿ... ಆತ್ರಿ. ಗಂಟುಮೂಟಿ ಕಟ್ರಿ."

ಎಲ್ಲರೂ ನಗುತ್ತಾರೆ ಎಂದುಕೊಂಡು, ಆ ಖುಷಿಯಲ್ಲೇ ಮೂಲೆಯ ಅಂಗಡಿಗೆ ಟೀ ತರಲು ಹೋದೆ. ನಾಲ್ಕು ಲೋಟ ಹಿಡಿದು ಹಿಂದಿರುಗಿ ನೋಡಿದರೆ ಬೆಂಚಿನ ಸುತ್ತ ಏನೂ ಇರಲಿಲ್ಲ. ಸಂದೀಪ ಪೆಟ್ಟಿಗೆಯ ಕೊನೆಯ ಬಕಲ್ ಹಾಕುತ್ತಿದ್ದ. ಸರಿಯಾಗಿ ನಾಲ್ಕು ನಿಮಿಷ, ಅಂಕಲ್ಲೇ ಕಲಿಸಿದ್ದು. ಮೇಘನಾ ಬೆಂಚಿನ ಮೇಲೆ ಕಾಲು ಮಡಚಿ ಕೂತು ಡಬ್ಬಿಯಿಂದ ಚಿತ್ರಾನ್ನ ತಿನ್ನುತ್ತಿದ್ದಳು.

ಆಗ ಮೋಡದ ಬುಡ ಬಿರಿಯಿತು. ಗಾಜಿನ ಕಟ್ಟಡ ಹೊತ್ತಿಕೊಂಡಿತು. ಮೇಘನಾಳ ಕೂದಲ ಹಿಂದೆ ಒಂದು ಸೂರ್ಯ, ಮುಖದ ಮೇಲೆ ಒಂದು ಸೂರ್ಯ, ಕೆನ್ನೆಯ ಮೇಲೆ ಒಂದು ಅನ್ನದಗುಳು, ಅದೂ ಚಿನ್ನ.

ಊವೆ ಅಂಕಲ್ ಮೆಟ್ಟಿಲಿಳಿದು ಓಡಿ ಬಂದರು. ಅವರು ಓಡುವುದನ್ನು ನಾನು ನೋಡಿದ್ದು ಅದೊಂದೇ ಸಲ. ಪೆಟ್ಟಿಗೆ ನೋಡಿದರು. ನಿಂತರು. ಸಂದೀಪ ಬಕಲ್ ಬಿಚ್ಚಲು ಹೋದ. "ಬ್ಯಾಡ, ಹೊತ್ತು ಸಾಲೂದಿಲ್ಲ" ಎಂದರು. ಕುತ್ತಿಗೆಯ ಗಾಜು ಎತ್ತಿ ಕಣ್ಣಿಗೆ ಹಿಡಿದು, ಬೆಳಕು ಉಳಿದಷ್ಟೂ ಹೊತ್ತು ಮೇಘನಾಳನ್ನು ನೋಡಿದರು. ಏನು ಮಾಡಬೇಕೆಂದು ತಿಳಿಯದೆ ಅವಳು ತಿನ್ನುವುದನ್ನು ಮುಂದುವರಿಸಿದಳು. ಬೆಳಕು ಹೋಯಿತು.

"ಭಾಳ ಛಂದ ಇತ್ತು" ಎಂದರು. ಆಮೇಲೆ, "ಕಟ್ಟು ಅಂತ ಯಾರು ಹೇಳಿದ್ರಪಾ?"

"ನೀವೇ ಅಲ್ವಾ ಅಂಕಲ್! ವಾಕಿಯಲ್ಲಿ!" ಸಂದೀಪನ ದನಿ ಅಳುವ ಹಾಗಿತ್ತು.

ಊವೆ ಅಂಕಲ್ ಸಂದೀಪನ ಸೊಂಟದ ವಾಕಿಟಾಕಿ ನೋಡಿದರು. ನಾಲ್ಕು ಲೋಟ ಟೀ ಹಿಡಿದ ನನ್ನನ್ನು ನೋಡಿದರು. ನನ್ನ ಬಾಯಿ, ದಿನಕ್ಕೆ ಹದಿನಾರು ಗಂಟೆ ದುಡಿಯುವ ಬಾಯಿ, ಆ ಕ್ಷಣ ರಜೆ ಹಾಕಿತು.

"ಹೌದೇನು? ಹಂಗಾರ ನಾನೇ ಹೇಳಿರಬೇಕು. ವಯಸ್ಸಾತು ನೋಡ್ರಿ, ನೆನಪು ಹಾರ್ತದ" ಎಂದು ಒಂದು ಲೋಟ ತೆಗೆದುಕೊಂಡರು. ಡಬ್ಬಿ ಮರುದಿನ ಚಟ್ನಿಪುಡಿಯ ಪಕ್ಕಕ್ಕೆ ವಾಪಸ್ಸು ಹೋಯಿತು. ಕೊನೆಯ ಶಾಟನ್ನು ನಾವು ಸಂದೀಪನ ಸಾಧಾರಣ ಕ್ಯಾಮೆರಾದಲ್ಲಿ, ಸಾಧಾರಣ ಸಂಜೆಯಲ್ಲಿ ತೆಗೆದೆವು.

ಇಷ್ಟಕ್ಕೇ ಮುಗಿದಿದ್ದರೆ ನಾನು ಸುಮ್ಮನಿದ್ದುಬಿಡುತ್ತಿದ್ದೆ. ಅಷ್ಟು ಒಳ್ಳೆಯವನು ನಾನು. ಆದರೆ ಸಂದೀಪ ನನಗಿಂತ ಒಳ್ಳೆಯವನು. ಅಂಕಲ್ಲಿನ ಬಗ್ಗೆ ನಿಜವಾದ ಕಾಳಜಿಯಿಂದ ಹ್ಯೂಸ್ಟನ್ನಿನ ತನ್ನ ಚಿಕ್ಕಮ್ಮನಿಗೆ ಹೇಳಿದ. ಚಿಕ್ಕಮ್ಮ ಅಷ್ಟೇ ಕಾಳಜಿಯಿಂದ ಸತ್ಯನಾರಾಯಣ ಪೂಜೆಯೊಂದರಲ್ಲಿ ಹೇಳಿದರು. ಆಸ್ಟಿನ್ನಿನಲ್ಲಿ ಡೆಬ್ರಾ ಎಂಬ ನಿರ್ದೇಶಕಿ ಇದ್ದಳು. ಸಂದೀಪ ಆಗಾಗ ಅವಳ ಶೂಟಿಂಗಿಗೆ ಹೋಗುತ್ತಿದ್ದ. ಅವಳಿಗೂ ಹೇಳಿದ. ಡೆಬ್ರಾ ಊವೆ ಅಂಕಲ್ಲನ್ನು ತನ್ನ ಪೂರ್ಣ ಪ್ರಮಾಣದ ಚಿತ್ರಕ್ಕೆ ಕರೆದಿದ್ದಳು ಎಂಬುದು ನನಗೆ ಗೊತ್ತಾದದ್ದು ಶೈಲಜಾ ಆಂಟಿಯ ಫೋನಿನಿಂದ.

"ಕಿಟ್ಟಿ, ಆಕಿ ವಿಚಾರ ಮಾಡಿ ಹೇಳ್ತೀನಿ ಅಂದಾಳ. ಮರೆವು ಇದ್ದವರನ್ನ ಹೆಂಗ ತಗೋಳೂದು ಅಂತ. ನಾ ಡಾಕ್ಟರ್ ಇದ್ದೀನಿ, ನನಗೇ ತಿಳೀವಲ್ದು. ದಿನಾ ಮುಂಜಾನೆ ಪರೀಕ್ಷಾ ಮಾಡ್ತೀನಿ. ಇವತ್ತ ಯಾವ ವಾರ ಅಂದ್ರ ಉಪ್ಪಿಟ್ಟಿನ ವಾರ ಅಂತಾರ."

"ಅದು ತಮಾಷೆ ಆಂಟಿ."

"ಇರಬಹುದು. ಆದ್ರ ಸಿನಿಮಾಕ್ಕಂತ ಹೊಸಾ ಬೂಟು ತಂದಿದ್ರು. ಹನ್ನೆರಡ ತಾಸು ನಿಂದ್ರಬೇಕಲ್ಲ, ಪಳಗಲಿ ಅಂತ ಮನೀ ಒಳಗೇ ಹಾಕ್ಕೊಂಡು ಅಡ್ಡಾಡ್ತಿದ್ರು. ನಿನ್ನೆ ಅವನ್ನ ತಿರುಗಿ ಡಬ್ಬಿಗೆ ಹಾಕ್ಯಾರ."

ಕಾರ್ಪೆಟ್ಟಿನ ಮೇಲೆ ಹೊಸ ಬೂಟಿನಲ್ಲಿ ಅಡ್ಡಾಡುವ ಆರಡಿ ನಾಲ್ಕಿಂಚನ್ನು ನಾನು ಯೋಚಿಸಿದೆ. ಅದನ್ನು ಮಿಮಿಕ್ರಿ ಮಾಡಬಹುದೇ ಎಂದೂ ಯೋಚಿಸಿದೆ. ಆಗಲಿಲ್ಲ.

ಮೇ ತಿಂಗಳಲ್ಲಿ ಆಸ್ಟಿನ್ನಿನಲ್ಲಿ ಚಿತ್ರ ತೋರಿಸಿದರು. ಎಂಬತ್ತು ಕುರ್ಚಿ, ಮೂವತ್ತು ಜನ. ಮೂರನೇ ಸಾಲಿನಲ್ಲಿ ಊವೆ ಅಂಕಲ್ ಮತ್ತು ಆಂಟಿ, ಹಿಂದೆ ಡೆಬ್ರಾ. ಮುಗಿದ ಮೇಲೆ ನನ್ನನ್ನು ವೇದಿಕೆಗೆ ಕರೆದರು. ಯಾರೋ ಕೇಳಿದರು: ಎಲ್ಲ ಶಾಟ್ ಅಷ್ಟು ಚೆನ್ನಾಗಿದೆ, ಕೊನೆಯದು ಮಾತ್ರ ಯಾಕೆ ಹಾಗೆ?

ನಾನು ಮೊದಲು ಮೈಕನ್ನು ಎರಡು ಸಲ ಬಡಿದೆ. ಆಮೇಲೆ ಇಂಗ್ಲಿಷಿನಲ್ಲಿ ಎರಡು ಸೂರ್ಯನ ಕಥೆ ಹೇಳಿದೆ, ವಾಕಿಟಾಕಿಯ ಕಥೆ ಹೇಳಿದೆ. ಊವೆ ಲಿಂಡೆನ್‌ಬೆಕ್ ಅವರ ನೆನಪು ಸರಿಯಾಗಿದೆ, ಕೆಟ್ಟಿದ್ದು ನನ್ನ ನಾಲಿಗೆ ಎಂದೆ. ನಂಬದವರಿಗಾಗಿ ಆ ಆರು ಸೆಕೆಂಡನ್ನು ಮತ್ತೆ ಮಾಡಿ ತೋರಿಸಿದೆ, ನಿಟ್ಟುಸಿರು ಸಮೇತ. ಮೂವತ್ತು ಜನರಲ್ಲಿ ಇಪ್ಪತ್ತನಾಲ್ಕು ಮಂದಿಗೆ ಕನ್ನಡ ಬರುತ್ತಿರಲಿಲ್ಲ. ಆದರೂ ಎಲ್ಲರೂ ಮೂರನೇ ಸಾಲಿನ ಕಡೆಗೇ ತಿರುಗಿದರು. ಡೆಬ್ರಾ ಕೂಡ. ಸಂದೀಪ ಎದ್ದು ಹೊರಗೆ ಹೋದ; ನನ್ನ ಜೊತೆ ಮತ್ತೆ ಮಾತಾಡಲು ಅವನಿಗೆ ಹನ್ನೆರಡು ದಿನ ಬೇಕಾಯಿತು, ಅದೂ ವೈಫೈ ಪಾಸ್‌ವರ್ಡ್ ಕೇಳಲು.

ಊವೆ ಅಂಕಲ್ ಡೆಬ್ರಾಳ ಚಿತ್ರವನ್ನು ಆ ವರ್ಷದ ಶರತ್ಕಾಲದಲ್ಲಿ ತೆಗೆದರು. ಹೊಸ ಬೂಟು ಹಾಕಿಕೊಂಡೇ ಹೋಗಿದ್ದರಂತೆ. ಎಲ್ಲರೂ ಎದ್ದ ಮೇಲೂ ಕೂತೇ ಇರುತ್ತಿದ್ದ ಈ ಮನುಷ್ಯನನ್ನು ಕಂಡು ಆಸ್ಟಿನ್ನಿನ ಹುಡುಗರು ಮೊದಲ ವಾರ ಗೊಣಗಿದರು, ಎರಡನೇ ವಾರ ತಾವೂ ಕೂತರು. ಶೂಟಿಂಗ್ ಮುಗಿದ ಚಳಿಗಾಲದಲ್ಲಿ, ಮಿಸೌರಿ ಸಿಟಿಯ ಮನೆಯಲ್ಲಿ, ಮಧ್ಯಾಹ್ನದ ಊಟವಾಗಿ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತವರು ಏಳಲಿಲ್ಲ. ಅವರು ಕಾಯುತ್ತಿದ್ದಾರೆ ಎಂದುಕೊಂಡು ಆಂಟಿ ಬಹಳ ಹೊತ್ತು ಮಾತಾಡಿಸಲಿಲ್ಲವಂತೆ. ಆ ತಗಡಿನ ಡಬ್ಬಿಯನ್ನು ಆಂಟಿ ನನಗೆ ಕೊಟ್ಟರು. ಈಗ ಅದು ನಮ್ಮ ಫ್ರಿಜ್ಜಿನಲ್ಲಿ ಇಡ್ಲಿ ಹಿಟ್ಟಿನ ಪಕ್ಕ ಇದೆ. ಮಾರ್ಚ್ ಬಂದಾಗ ಆ ಬೆಂಚಿನ ಮೇಲೆ ಹೋಗಿ ಕೂರುತ್ತೇನೆ. ಡಬ್ಬಿ ತೆಗೆದುಕೊಂಡು ಹೋಗುವ ಧೈರ್ಯ ಇನ್ನೂ ಬಂದಿಲ್ಲ.

ಆದರೆ ನಾನು ಅವರನ್ನು ಕೊನೆಯ ಸಲ ನೋಡಿದ್ದು ಆಸ್ಟಿನ್ನಿನ ಆ ಸಂಜೆಯೇ, ಸಿನಿಮಾ ಹಾಲಿನ ಹಿಂದಿನ ಪಾರ್ಕಿಂಗ್ ಲಾಟಿನಲ್ಲಿ. ಆಂಟಿ ಕಾರು ತರಲು ಹೋಗಿದ್ದರು. ಅವರು ಗಾಜು ಹಿಡಿದು ಆಕಾಶ ನೋಡುತ್ತಿದ್ದರು. ಪಕ್ಕ ಹೋಗಿ ನಿಂತೆ.

"ಅಂಕಲ್, ಸಾರಿ. ಅವತ್ತೇ ಹೇಳ್ಬೇಕಿತ್ತು. ನಾನೇ ಅಂತ ನಿಮಗೆ ಅವತ್ತೇ ಗೊತ್ತಿತ್ತಾ?"

"ಗೊತ್ತಿತ್ತು."

ನನ್ನೊಳಗಿನ ಕಲಾವಿದನಿಗೆ ನಾಚಿಕೆ ಎಂಬುದೇ ಇಲ್ಲ. "ಯಾಕೆ, ಮಿಮಿಕ್ರಿ ಸರಿ ಇರ್ಲಿಲ್ವಾ? ಸಂದೀಪನೇ ನಂಬಿದ್ನಲ್ಲ?"

ಊವೆ ಅಂಕಲ್ ಗಾಜನ್ನು ಇಳಿಸಿ, ನನ್ನನ್ನು ಮೇಲಿಂದ ಕೆಳಗೆ ನೋಡಿ, ಕೆನ್ನೆಯ ಮೇಲೆ ಬೆರಳಿಟ್ಟು ಹೇಳಿದರು:

"ದನಿ ನಂದೇ ಇತ್ತು, ತಮ್ಮಾ. ಆದ್ರ ನಾ ಆಗಿದ್ರ ಇನ್ನೂ ಹತ್ತು ಮಿನಿಟು ಕೂಡ್ತಿದ್ದೆ."